ಮಿಣುಕುವ ಹಳದಿ ದೀಪ: ಲಾಸ್ ಏಂಜಲೀಸ್ ಹೊಗೆಯಿಂದ ಅಪ್ಪನ ಕಾರಿನ ತನಕ

ಇವತ್ತಿನ ಎಪಿಸೋಡ್ ಒಂದು ದೀಪದ ಬಗ್ಗೆ. ಕಾರಿನ ಡ್ಯಾಶ್‌ಬೋರ್ಡಲ್ಲಿ ಪುಟ್ಟ ಎಂಜಿನ್ ಆಕಾರದಲ್ಲಿ ಹತ್ತುತ್ತಲ್ಲ, ಆ ಹಳದಿ ದೀಪ. ಚೆಕ್ ಎಂಜಿನ್ ಲೈಟ್.

ಹೋದ ಮಳೆಗಾಲ ಅಪ್ಪ, ಅಮ್ಮ, ನಾನು ತುಮಕೂರಿಂದ ಶಿರಾ ಕಡೆ ಹೋಗ್ತಿದ್ವಿ, ಸಂಬಂಧಿಕರ ಮನೆ ಗೃಹಪ್ರವೇಶಕ್ಕೆ. ಅಪ್ಪ ಸೆಕೆಂಡ್ ಹ್ಯಾಂಡಲ್ಲಿ ತಗೊಂಡ ಪೆಟ್ರೋಲ್ ಕಾರು. ಒಂದು ಫ್ಲೈಓವರ್ ಹತ್ತುವಾಗ ಗಾಡಿ ಜರ್ಕ್ ಹೊಡೀತು, ಪಿಕಪ್ ಬಿತ್ತು, ಆ ದೀಪ ಪಕ್ ಪಕ್ ಅಂತ ಮಿಣುಕೋಕೆ ಶುರುವಾಯ್ತು. "ಅಪ್ಪಾ, ನಿಲ್ಸೋಣ್ವಾ?" ಅಂದೆ. "ಏನಾಗಲ್ಲ ಸುಮ್ನಿರೋ, ಮುಹೂರ್ತಕ್ಕೆ ಲೇಟಾಗತ್ತೆ" ಅಂದ್ರು. ಹೋದ್ವಿ, ಊಟ ಮಾಡಿದ್ವಿ, ಅದೇ ಗಾಡೀಲಿ ವಾಪಸ್ ಬಂದ್ವಿ.

ಮಾರನೇ ದಿನ ಒಂದು ವರ್ಕ್‌ಶಾಪ್. ಅಲ್ಲಿನ ಹುಡುಗ ಸ್ಕ್ಯಾನರ್ ಚುಚ್ಚಿದ, ಪಿ0302 ಅಂತ ಬಂತು. ಒಂದು ಬಟನ್ ಒತ್ತಿ ಅದನ್ನ ಅಳಿಸಿದ, ನಾಲ್ಕೂ ಸ್ಪಾರ್ಕ್ ಪ್ಲಗ್ ಬದಲಾಯಿಸಿದ, ಬಿಲ್ ಕೊಟ್ಟ. ದೀಪ ಆರಿತ್ತು, ನಮಗೂ ಸಮಾಧಾನ. ಒಂಬತ್ತನೇ ದಿನಕ್ಕೆ ದೀಪ ವಾಪಸ್.

ಆಗ ನನಗೆ ಎರಡು ಪ್ರಶ್ನೆ ಹುಟ್ತು. ಈ ಸಂಖ್ಯೆ ನಿಜವಾಗಿ ಏನು ಹೇಳುತ್ತೆ? ಇದನ್ನ ಯಾರು, ಯಾಕೆ ಬರೆದಿಟ್ಟರು? ಉತ್ತರ ಹುಡುಕ್ತಾ ಹೋದ್ರೆ ಸಿಕ್ಕಿದ್ದು 1943ನೇ ಇಸವಿ, ಅಮೆರಿಕದ ಲಾಸ್ ಏಂಜಲೀಸ್ ನಗರ.

1943ರ ಜುಲೈ. ಎರಡನೇ ಮಹಾಯುದ್ಧ ನಡೀತಿದೆ. ಒಂದು ದಿನ ಊರಿಗೆ ಊರೇ ಕಂದು ಬಣ್ಣದ ಮಬ್ಬು ಕವಿದುಕೊಳ್ತು. ಜನರ ಕಣ್ಣು ಉರೀತು, ಗಂಟಲು ಕಟ್ಟಿತು. ಜಪಾನಿನವರು ವಿಷಾನಿಲ ಬಿಟ್ಟಿದ್ದಾರೆ ಅಂತ ಎಷ್ಟೋ ಜನ ಹೆದರಿದರು. ಅದಲ್ಲ ಅಂತ ಗೊತ್ತಾದ ಮೇಲೆ ಬೆರಳು ತಿರುಗಿದ್ದು ಊರೊಳಗಿದ್ದ ಒಂದು ಕಾರ್ಖಾನೆ ಕಡೆಗೆ. ಕೃತಕ ರಬ್ಬರಿಗೆ ಬೇಕಾದ ಬ್ಯುಟಡೈಯೀನ್ ತಯಾರಿಸ್ತಿದ್ದ ಜಾಗ ಅದು. ಗಲಾಟೆ ಜೋರಾಗಿ ಕಾರ್ಖಾನೆ ಕೆಲಸ ನಿಲ್ಲಿಸಿದರು. ಹೊಗೆ ಮಾತ್ರ ಹೋಗಲಿಲ್ಲ.

ನಮ್ಮ ಗಾಡಿಗೆ ಪ್ಲಗ್ ಬದಲಾಯಿಸಿದ ಹಾಗೇ ಆಯ್ತು ನೋಡಿ. ಕಣ್ಣಿಗೆ ಕಂಡಿದ್ದನ್ನ ಹಿಡಿದು ಬದಲಾಯಿಸಿದ್ದು, ತೊಂದರೆ ಅಲ್ಲೇ ಉಳಿದಿದ್ದು.

ಒಗಟು ಬಿಡಿಸಿದವರು ಆರಿ ಹಾಗೆನ್-ಸ್ಮಿಟ್ ಅಂತ ಒಬ್ಬ ವಿಜ್ಞಾನಿ. ಹಾಲೆಂಡಿನಲ್ಲಿ ಹುಟ್ಟಿ, ಕ್ಯಾಲಿಫೋರ್ನಿಯಾದ ಕ್ಯಾಲ್ಟೆಕ್‌ನಲ್ಲಿ ಕೆಲಸ ಮಾಡ್ತಿದ್ದವರು. ಅವರು ಆಗ ಅಧ್ಯಯನ ಮಾಡ್ತಿದ್ದಿದ್ದು ಅನಾನಸ್ ಹಣ್ಣಿನ ಪರಿಮಳ. ನಗೋದು ಬೇಡ. ಹಣ್ಣಿನ ಘಮವನ್ನ ಗಾಳಿಯಿಂದ ಹಿಡಿದು ಬಿಡಿಬಿಡಿಯಾಗಿ ನೋಡೋ ಕಲೆ ಗೊತ್ತಿದ್ದವರಿಗೆ ಊರಿನ ಹೊಗೆಯನ್ನೂ ಹಾಗೇ ಹಿಡಿದು ನೋಡೋಕೆ ಬಂತು. 1950ರ ದಶಕದ ಆರಂಭದಲ್ಲಿ ಅವರು ತೋರಿಸಿಕೊಟ್ಟಿದ್ದು ಇಷ್ಟು: ಪೂರ್ತಿ ಉರಿಯದೆ ಹೊರಬಂದ ಪೆಟ್ರೋಲಿನ ಅಂಶ, ಅಂದ್ರೆ ಹೈಡ್ರೋಕಾರ್ಬನ್, ನೈಟ್ರೋಜನ್ ಆಕ್ಸೈಡ್ ಜೊತೆ ಸೇರಿ ಬಿಸಿಲಲ್ಲಿ ಓಝೋನ್ ಆಗಿ ಕಣ್ಣು ಉರಿಸುತ್ತೆ. ಅದರ ದೊಡ್ಡ ಮೂಲ ಊರಿನ ಪ್ರತಿ ಮನೆ ಮುಂದೆ ನಿಂತಿರೋ ಕಾರು. ಕಾರು ಕಂಪನಿಗಳು ಇದನ್ನ ಅಷ್ಟು ಸುಲಭವಾಗಿ ಒಪ್ಪಲಿಲ್ಲ.

ಇಲ್ಲಿಂದ ಮುಂದೆ ಕಾನೂನುಗಳ ಸಾಲು. 1966ರಲ್ಲಿ ಕ್ಯಾಲಿಫೋರ್ನಿಯಾ ಸೈಲೆನ್ಸರ್ ಹೊಗೆಗೆ ಮಿತಿ ಹಾಕ್ತು. 1967ರಲ್ಲಿ ಅಲ್ಲಿ ವಾಯು ಸಂಪನ್ಮೂಲ ಮಂಡಳಿ ಹುಟ್ಟಿತು, ಅದರ ಮೊದಲ ಅಧ್ಯಕ್ಷರು ಇದೇ ಹಾಗೆನ್-ಸ್ಮಿಟ್. 1970ರಲ್ಲಿ ಇಡೀ ಅಮೆರಿಕಕ್ಕೆ ಕಟ್ಟುನಿಟ್ಟಿನ ಶುದ್ಧ ಗಾಳಿ ಕಾಯ್ದೆ. 1975ರ ಮಾಡೆಲ್ ಕಾರುಗಳಿಗೆ ಬಂತು ಕ್ಯಾಟಲಿಟಿಕ್ ಕನ್ವರ್ಟರ್.

ಕನ್ವರ್ಟರ್ ಹತ್ರ ಸ್ವಲ್ಪ ನಿಲ್ಲೋಣ, ನಮ್ಮ ಕಥೆಯ ಜೀವ ಅಲ್ಲೇ ಇರೋದು. ಎಂಜಿನ್‌ನಿಂದ ಸೈಲೆನ್ಸರಿಗೆ ಹೋಗೋ ಪೈಪಿನ ಮಧ್ಯೆ ಒಂದು ಡಬ್ಬ. ಒಳಗೆ ಜೇನುಗೂಡಿನ ಹಾಗೆ ಸಾವಿರಾರು ಸಣ್ಣ ತೂತಿರೋ ಸೆರಾಮಿಕ್ ಗಟ್ಟಿ. ಅದರ ಮೇಲೆ ಪ್ಲಾಟಿನಂ, ಪಲ್ಲಾಡಿಯಂ, ರೋಡಿಯಂನ ತೆಳು ಲೇಪ. ಉರಿಯದೆ ಉಳಿದ ಚೂರುಪಾರು ಪೆಟ್ರೋಲ್ ಇಲ್ಲಿ ಬಂದು ಉರಿದು ಶುದ್ಧವಾಗುತ್ತೆ.

ಚೂರುಪಾರು ಆದ್ರೆ ಸರಿ. ಒಂದು ಸಿಲಿಂಡರಿನಲ್ಲಿ ಕಿಡಿಯೇ ಹತ್ತದಿದ್ರೆ? ಅದನ್ನೇ ಮಿಸ್‌ಫೈರ್ ಅನ್ನೋದು. ನಮ್ಮ ಗ್ಯಾರೇಜುಗಳ ಭಾಷೇಲಿ "ಗಾಡಿ ಮಿಸ್ಸಿಂಗ್ ಹೊಡೀತಿದೆ". ಆ ಸಿಲಿಂಡರಿನ ಅಷ್ಟೂ ಪೆಟ್ರೋಲ್, ಅದರ ಪಾಲಿನ ಗಾಳಿ ಸಮೇತ, ಹಸಿಹಸಿಯಾಗಿ ಕನ್ವರ್ಟರಿಗೆ ಬೀಳುತ್ತೆ. ಒಲೆಯಲ್ಲಿ ಉರೀಬೇಕಾದ್ದು ಹೊಗೆಗೂಡಲ್ಲಿ ಉರಿಯುತ್ತೆ. ಶಾಖ ಸಾವಿರ ಡಿಗ್ರಿ ಸೆಲ್ಸಿಯಸ್ ದಾಟಿ ಆ ಜೇನುಗೂಡು ಕರಗಬಹುದು, ಒಡೆದು ಪುಡಿಯಾಗಬಹುದು. ಆಮೇಲೆ ಆ ಕಾರು ಬದುಕಿರೋವರೆಗೂ ಕೊಳಕು ಹೊಗೆ ಬಿಡ್ತಾನೇ ಇರುತ್ತೆ.

ಅಧಿಕಾರಿಗಳ ತಲೆನೋವು ಇದೇ ಆಗಿತ್ತು. ಶೋರೂಮಿಂದ ಬರುವಾಗ ಕಾರು ಪರೀಕ್ಷೆ ಪಾಸ್. ಐದಾರು ವರ್ಷ ಓಡಿದ ಮೇಲೆ ಅದರ ಹೊಟ್ಟೆಯೊಳಗೆ ಏನಾಗಿದೆ ಅಂತ ಯಾರು ನೋಡ್ತಾರೆ? ಹಾಗಾಗಿ ಕಾರೇ ತನ್ನನ್ನ ನೋಡ್ಕೊಂಡು ವರದಿ ಕೊಡಬೇಕು ಅನ್ನೋ ಯೋಚನೆ ಬಂತು. 1988ರ ಮಾಡೆಲ್‌ಗಳಿಂದ ಕ್ಯಾಲಿಫೋರ್ನಿಯಾ ಇದನ್ನ ಕಡ್ಡಾಯ ಮಾಡ್ತು. ಇದೇ ಮೊದಲ ಹಂತದ ಆನ್-ಬೋರ್ಡ್ ಡಯಾಗ್ನೋಸ್ಟಿಕ್ಸ್, ಚಿಕ್ಕದಾಗಿ ಓಬಿಡಿ.

ಅದರಲ್ಲಿ ಎರಡು ಕೊರತೆ ಇತ್ತು. ಒಂದು, ಮಿಸ್‌ಫೈರ್ ಹಿಡೀಬೇಕು ಅನ್ನೋ ನಿಯಮವೇ ಇರಲಿಲ್ಲ. ಎರಡು, ಒಂದೊಂದು ಕಂಪನಿಗೆ ಒಂದೊಂದು ಪ್ಲಗ್ಗು, ಒಂದೊಂದು ಕೋಡು. ಕೆಲವು ಕಾರಲ್ಲಿ ಎರಡು ಪಿನ್ನಿಗೆ ತಂತಿ ತಾಗಿಸಿ, ದೀಪ ಎಷ್ಟು ಸಲ ಮಿಣುಕ್ತು ಅಂತ ಎಣಿಸಿ ಪುಸ್ತಕ ತೆಗೆದು ನೋಡಬೇಕಿತ್ತು.

ಎರಡನೇ ಹಂತ, ಓಬಿಡಿ-2, ಎರಡನ್ನೂ ಸರಿಮಾಡ್ತು. 1994ರಿಂದ ನಿಧಾನವಾಗಿ ಶುರುವಾಗಿ, 1996ರ ಮಾಡೆಲ್ ವರ್ಷದಿಂದ ಅಮೆರಿಕದಲ್ಲಿ ಮಾರುವ ಎಲ್ಲ ಕಾರಿಗೂ ಕಡ್ಡಾಯ. ಎಲ್ಲರಿಗೂ ಒಂದೇ 16 ಪಿನ್ನಿನ ಸಾಕೆಟ್, ಮುಖ್ಯ ದೋಷಗಳಿಗೆಲ್ಲ ಒಂದೇ ಕೋಡು. ಪಿ ಅಂದ್ರೆ ಪವರ್‌ಟ್ರೇನ್. ಮುಂದಿನ ಸೊನ್ನೆ ಅಂದ್ರೆ ಎಲ್ಲ ಕಂಪನಿಗೂ ಒಂದೇ ಅರ್ಥ. ಮೂರು ಅಂದ್ರೆ ಇಗ್ನಿಷನ್ ಮತ್ತು ಮಿಸ್‌ಫೈರ್ ವಿಭಾಗ. ಪಿ0301 ಮೊದಲನೇ ಸಿಲಿಂಡರ್, ಪಿ0302 ಎರಡನೇದು, ಹಾಗೇ ಮುಂದೆ. ಪಿ0300 ಬಂದ್ರೆ ಹಲವು ಸಿಲಿಂಡರಿನಲ್ಲಿ, ಅಥವಾ ಅಲ್ಲೊಮ್ಮೆ ಇಲ್ಲೊಮ್ಮೆ ತಪ್ಪುತ್ತಿದೆ ಅಂತ.

ಕಾರಿಗೆ ಇದು ಹೇಗೆ ಗೊತ್ತಾಗುತ್ತೆ? ಹೆಚ್ಚಿನ ಕಾರುಗಳಲ್ಲಿ ಸಿಲಿಂಡರ್ ಒಳಗೆ ಇಣುಕೋ ಕಣ್ಣು ಯಾವುದೂ ಇಲ್ಲ. ಕ್ರ್ಯಾಂಕ್‌ಶಾಫ್ಟಿಗೆ ಹಲ್ಲಿರೋ ಒಂದು ಚಕ್ರ, ಪಕ್ಕದಲ್ಲಿ ಒಂದು ಸೆನ್ಸರ್, ಅಷ್ಟೇ. ನಾಲ್ಕು ಸಿಲಿಂಡರಿನ ಎಂಜಿನ್ 3000 ಆರ್‌ಪಿಎಂನಲ್ಲಿ ಸೆಕೆಂಡಿಗೆ 100 ಸಲ ಉರಿಯುತ್ತೆ. ಪ್ರತಿ ಉರಿಯೂ ಶಾಫ್ಟಿಗೆ ಒಂದು ನೂಕು. ಒಂದು ನೂಕು ತಪ್ಪಿದ್ರೆ ಚಕ್ರ ಚೂರೇ ಚೂರು ನಿಧಾನ ಆಗುತ್ತೆ. ಆ ಚೂರನ್ನ ಕಂಪ್ಯೂಟರ್ ಲೆಕ್ಕ ಹಿಡಿಯುತ್ತೆ. ಇದು ಕಷ್ಟದ ಕೆಲಸ. ಗುಂಡಿ ರಸ್ತೆಯ ಏಟು ಚಕ್ರದಿಂದ ಗೇರ್‌ಬಾಕ್ಸ್ ಮೂಲಕ ಕ್ರ್ಯಾಂಕಿಗೆ ತಲುಪಿದ್ರೂ ಮಿಸ್‌ಫೈರ್ ಥರಾನೇ ಕಾಣುತ್ತೆ. ಅದಕ್ಕೇ ರಸ್ತೆ ಕೆಟ್ಟಿದೆಯಾ ಅಂತ ಬೇರೆಯಾಗಿ ಗಮನಿಸೋ ಏರ್ಪಾಡೂ ಮಾಡಬೇಕಾಯ್ತು.

ಕ್ಯಾಲಿಫೋರ್ನಿಯಾದ ನಿಯಮದಲ್ಲಿ ಎರಡು ಲೆಕ್ಕ ಇದೆ. ಎಂಜಿನ್ 1000 ಸುತ್ತು ತಿರುಗುವಾಗ ಎಷ್ಟು ಸಲ ತಪ್ಪಿತು ಅನ್ನೋದು ಒಂದು. ಅದು ಹೊಗೆ ಜಾಸ್ತಿ ಮಾಡೋ ಮಟ್ಟ ದಾಟಿ ಹಾಗೇ ಮುಂದುವರಿದ್ರೆ ದೀಪ ಸುಮ್ಮನೆ ಹತ್ತುತ್ತೆ. ಇನ್ನೊಂದು 200 ಸುತ್ತಿನ ಲೆಕ್ಕ. ಅಷ್ಟರಲ್ಲೇ ಕನ್ವರ್ಟರ್ ಸುಡುವಷ್ಟು ತಪ್ಪುತ್ತಿದ್ರೆ ದೀಪ ಮಿಣುಕಬೇಕು. ಆ ಮಿಣುಕು "ಗಾಡಿ ತೋರಿಸ್ಕೊಂಡು ಬಾ" ಅಂತ ಹೇಳೋದಲ್ಲ, "ಈಗಲೇ ಕಾಲು ತೆಗಿ" ಅಂತ.

ಶಿರಾ ದಾರೀಲಿ ನಮ್ಮ ಗಾಡಿ ಹೇಳಿದ್ದು ಅದನ್ನೇ. ನಮಗೆ ಆ ಭಾಷೆ ಬರ್ತಿರಲಿಲ್ಲ.

ನಮ್ಮ ದೇಶಕ್ಕೆ ಈ ಭಾಷೆ ಬಂದಿದ್ದು ತಡವಾಗಿ. 1995ರಲ್ಲಿ ದೆಹಲಿ, ಮುಂಬೈ, ಕೋಲ್ಕತ್ತಾ, ಚೆನ್ನೈ ನಾಲ್ಕು ನಗರಗಳ ಹೊಸ ಪೆಟ್ರೋಲ್ ಕಾರಿಗೆ ಕನ್ವರ್ಟರ್ ಬಂತು, ಜೊತೆಗೆ ಸೀಸ ಇಲ್ಲದ ಪೆಟ್ರೋಲ್. ಸೀಸ ಬಿದ್ರೆ ಕನ್ವರ್ಟರ್ ಸಾಯುತ್ತೆ. 2000ದಲ್ಲಿ ದೇಶದ ಎಲ್ಲ ಕಡೆ ಸೀಸದ ಪೆಟ್ರೋಲ್ ನಿಂತಿತು. ಬಿಎಸ್-4 ಜೊತೆ 2010ರಲ್ಲಿ ಮೊದಲ ಹಂತದ ಓಬಿಡಿ, 2013ರಲ್ಲಿ ಎರಡನೇ ಹಂತ. 2020ರ ಏಪ್ರಿಲ್‌ನಲ್ಲಿ ಬಿಎಸ್-6 ಬಂದಾಗ ಬೈಕು, ಸ್ಕೂಟರಿಗೂ ಈ ದೀಪ ಬಂತು. ನಿಮ್ಮಲ್ಲಿ ಎಷ್ಟೋ ಜನ ದಿನಾ ಅದರ ಮುಂದೇನೇ ಕೂತು ಓಡಾಡ್ತಿದ್ದೀರಿ.

ಅಮೆರಿಕದ 1990ರ ಕಾಯ್ದೆ ತಿದ್ದುಪಡಿಯಲ್ಲಿ ಇನ್ನೊಂದು ಮಾತೂ ಇತ್ತು. ಈ ವ್ಯವಸ್ಥೆ ಓದಿ ರಿಪೇರಿ ಮಾಡೋಕೆ ಬೇಕಾದ ಮಾಹಿತಿ ಕಂಪನಿಯ ಡೀಲರಿಗಷ್ಟೇ ಅಲ್ಲ, ಹೊರಗಿನ ಮೆಕ್ಯಾನಿಕ್‌ಗಳಿಗೂ ಸಿಗಬೇಕು ಅಂತ. ನಮ್ಮಲ್ಲಿ ಕೇಂದ್ರ ಸರ್ಕಾರ ರಿಪೇರಿ ಹಕ್ಕಿನ ಬಗ್ಗೆ ಸಮಿತಿ ಮಾಡಿದ್ದು 2022ರಲ್ಲಿ. ಕೋಡ್ ಓದೋ ಬ್ಲೂಟೂತ್ ಸಾಧನ ಈಗ ಆನ್‌ಲೈನಲ್ಲಿ ಕಡಿಮೆ ದುಡ್ಡಿಗೇ ಸಿಗುತ್ತೆ, ಫೋನಲ್ಲೇ ನೋಡಬಹುದು. ಆದ್ರೆ ಕೋಡ್ ಓದೋದು ಬೇರೆ, ಅದು ಅರ್ಥ ಆಗೋದು ಬೇರೆ.

ನಾನು ಬಿ.ಕಾಂ. ಓದಿದವನು, ನನಗೆ ತಿಳಿದ ಹಾಗೆ ಹೇಳ್ತೀನಿ. ಟ್ರಯಲ್ ಬ್ಯಾಲೆನ್ಸ್ ತಾಳೆ ಆಗದಿದ್ರೆ ಎಲ್ಲೋ ತಪ್ಪಿದೆ ಅಂತ ಗೊತ್ತಾಗುತ್ತೆ. ಯಾವ ಎಂಟ್ರಿ ತಪ್ಪು ಅಂತ ನಾವೇ ಹುಡುಕಬೇಕು. ಪಿ0302 ಕೂಡ ಹಾಗೇ. ಎರಡನೇ ಸಿಲಿಂಡರ್ ತನ್ನ ನೂಕು ಕೊಡ್ತಿಲ್ಲ ಅನ್ನುತ್ತೆ. ಪ್ಲಗ್ಗೋ, ಕಾಯಿಲ್ಲೋ, ಇಂಜೆಕ್ಟರೋ, ವಾಲ್ವ್ ಸರಿಯಾಗಿ ಮುಚ್ಚದೆ ಕಂಪ್ರೆಷನ್ ಹೋಗಿದೆಯೋ, ಅದು ಹೇಳಲ್ಲ.

ಎರಡನೇ ಸಲ ನಾವು ಹೋಗಿದ್ದು ಒಬ್ಬ ವಯಸ್ಸಾದ ಮೆಕ್ಯಾನಿಕ್ ಹತ್ರ. ತಗಡಿನ ಶೆಡ್ಡು. ಕಾರ್ಬೊರೇಟರ್ ಕಾಲದಲ್ಲಿ ಕೆಲಸ ಕಲಿತವರು, ಅಪ್ಪ ಅವರನ್ನ "ಭಾಯ್" ಅಂತಾರೆ. ಮೊದಲು ಕೇಳಿದ್ದೇ, "ಹಳೇ ಕೋಡಿನ ಡೀಟೇಲ್ಸ್ ಎಲ್ಲಿ ಸಾರ್?" ಕೋಡ್ ಬಿದ್ದ ಕ್ಷಣದಲ್ಲಿ ಸ್ಪೀಡ್ ಎಷ್ಟಿತ್ತು, ಎಂಜಿನ್ ಎಷ್ಟು ಬಿಸಿ ಇತ್ತು, ಲೋಡ್ ಎಷ್ಟಿತ್ತು ಅನ್ನೋದನ್ನೂ ಕಾರು ಬರೆದಿಡುತ್ತೆ. ಅದಕ್ಕೆ ಫ್ರೀಜ್ ಫ್ರೇಮ್ ಅಂತಾರೆ. ಕೋಡ್ ಅಳಿಸಿದ್ರೆ ಅದೂ ಹೋಯ್ತು. ಮೊದಲ ವರ್ಕ್‌ಶಾಪಲ್ಲಿ ಒತ್ತಿದ ಆ ಒಂದು ಬಟನ್ ದೋಷ ತೆಗೀಲಿಲ್ಲ, ಸಾಕ್ಷಿ ತೆಗೀತು.

ಆಮೇಲೆ ಭಾಯ್ ಎರಡನೇ ಸಿಲಿಂಡರಿನ ಕಾಯಿಲ್ ತೆಗೆದು ಮೂರನೇದಕ್ಕೆ, ಮೂರನೇದನ್ನ ಎರಡನೇದಕ್ಕೆ ಹಾಕಿದರು. ಬೇರೆ ಏನೂ ಮುಟ್ಟಲಿಲ್ಲ. ಒಂದು ರೌಂಡ್ ಹೊಡೆದು ಬಂದ್ವಿ. ಸ್ಕ್ಯಾನರಲ್ಲಿ ಬಂದಿದ್ದು ಪಿ0303. ತೊಂದರೆ ಕಾಯಿಲ್ ಜೊತೆ ನಡ್ಕೊಂಡು ಹೋಗಿತ್ತು. ಕಾಯಿಲ್ ಬದಲಾಯಿಸಿದರು, ಮಿಸ್ಸಿಂಗ್ ನಿಂತಿತು. ಕೋಡ್ ಎರಡರಲ್ಲೇ ಉಳಿದಿದ್ರೆ? "ಪ್ಲಗ್ ಅದಲು ಬದಲು ಮಾಡ್ತಿದ್ದೆ, ಆಮೇಲೆ ಇಂಜೆಕ್ಟರ್, ಕೊನೆಗೆ ಕಂಪ್ರೆಷನ್ ಚೆಕ್" ಅಂದ್ರು. ಪಿ0300 ಬಂದಿದ್ರೆ? "ಆಗ ಒಂದೊಂದೇ ಸಿಲಿಂಡರ್ ನೋಡಿ ಪ್ರಯೋಜನ ಇಲ್ಲ. ನಾಲ್ಕಕ್ಕೂ ಸೇರಿದ್ದನ್ನ ನೋಡ್ಬೇಕು. ಪೆಟ್ರೋಲ್ ಪ್ರೆಷರ್, ಎಲ್ಲಾದ್ರೂ ಗಾಳಿ ಎಳ್ಕೊಳ್ತಿದ್ಯಾ, ಪೆಟ್ರೋಲಲ್ಲಿ ನೀರು ಸೇರಿದ್ಯಾ ಅಂತ."

ಹಿಂದೆಲ್ಲ ಮಿಸ್ಸಿಂಗ್ ಹೊಡೆಯೋ ಗಾಡಿ ಬಂದ್ರೆ ಪ್ಲಗ್ ವೈರನ್ನ ಒಂದೊಂದಾಗಿ ಕೀಳ್ತಿದ್ರಂತೆ. ಯಾವ ವೈರ್ ಕಿತ್ತರೆ ಎಂಜಿನ್ ಶಬ್ದ ಬದಲಾಗಲ್ವೋ ಆ ಸಿಲಿಂಡರ್ ಮೊದಲೇ ಸತ್ತಿದೆ ಅಂತ. ಈಗ ಆ ಹುಡುಕಾಟವನ್ನ ಕಂಪ್ಯೂಟರ್ ಮಾಡಿಕೊಡುತ್ತೆ. ಒಂದನ್ನ ಮಾತ್ರ ಬದಲಾಯಿಸು, ಏನಾಗುತ್ತೆ ನೋಡು ಅನ್ನೋ ಬುದ್ಧಿ ಹಳೇದೇ. ಲಾಸ್ ಏಂಜಲೀಸಲ್ಲಿ ಕಾರ್ಖಾನೆ ನಿಲ್ಲಿಸಿದಾಗಲೂ ಹೊಗೆ ಹೋಗಲಿಲ್ಲ ಅನ್ನೋದು ಒಂದು ಉತ್ತರವೇ ಆಗಿತ್ತು.

ಕಥೆ ಇಲ್ಲಿಗೆ ಸುಖವಾಗಿ ಮುಗೀಬೇಕಿತ್ತು, ಮುಗೀಲಿಲ್ಲ. ಭಾಯ್ ಗಾಡಿ ಕೆಳಗೆ ಮಲಗಿ ಕೈಯಲ್ಲಿ ಡಬ್ಬ ತಟ್ಟಿದರು. ಒಳಗಿಂದ ಗಲಗಲ ಸದ್ದು. ಜೇನುಗೂಡು ಒಡೆದಿತ್ತು. ಹೊಸ ಕನ್ವರ್ಟರಿಗೆ ಆಗಿದ್ದು ಕಾಯಿಲ್ ಬೆಲೆಯ ಹತ್ತು ಪಟ್ಟಿಗೂ ಜಾಸ್ತಿ. "ಡಬ್ಬ ಖಾಲಿ ಮಾಡಿ ಹಾಗೇ ಓಡಿಸೋಣ" ಅಂತ ಸಲಹೆ ಕೊಟ್ಟವರೂ ಇದ್ದರು. ದುಡ್ಡು ಉಳೀತಿತ್ತು. ಆ ಹೊಗೆ ಯಾರ ಕಣ್ಣಿಗೆ ಹೋಗ್ತಿತ್ತು ಅಂತ ಈ ಎಪಿಸೋಡ್ ಕೇಳಿದ ನಿಮಗೆ ಬಿಡಿಸಿ ಹೇಳಬೇಕಿಲ್ಲ. ಅಪ್ಪ ಎರಡು ತಿಂಗಳು ಕಾದು, ದುಡ್ಡು ಹೊಂದಿಸಿ ಹೊಸದು ಹಾಕಿಸಿದರು.

ನೆನಪಿಟ್ಕೊಳ್ಳೋಕೆ ಮೂರೇ ಮಾತು. ದೀಪ ಸುಮ್ಮನೆ ಉರೀತಿದ್ರೆ ಬೇಗ ತೋರಿಸಿ. ಮಿಣುಕ್ತಿದ್ರೆ ಆಕ್ಸಿಲರೇಟರ್ ಬಿಟ್ಟು, ಸೇಫಾದ ಜಾಗ ನೋಡಿ ನಿಲ್ಲಿಸಿ. ಕೋಡ್ ಅಳಿಸೋ ಮುಂಚೆ ಸ್ಕ್ಯಾನರ್ ಸ್ಕ್ರೀನಿನ ಫೋಟೋ ತೆಗೆದಿಟ್ಕೊಳ್ಳಿ, ಫ್ರೀಜ್ ಫ್ರೇಮ್ ಸಮೇತ. ಕೇಳೋಕೆ ಸಂಕೋಚ ಬೇಡ, ಗಾಡಿ ನಿಮ್ಮದು.

ಮೊನ್ನೆ ಮತ್ತೆ ಅದೇ ಶಿರಾ ರಸ್ತೆ. ಕೀ ತಿರುಗಿಸಿದಾಗ ಎಲ್ಲ ದೀಪಗಳ ಜೊತೆ ಆ ಹಳದಿ ದೀಪವೂ ಹತ್ತಿತು. ಎಂಜಿನ್ ಸ್ಟಾರ್ಟ್ ಆಯ್ತು. ಅದು ಆರೋ ತನಕ ಅಪ್ಪ ಗೇರ್ ಹಾಕಲಿಲ್ಲ.

ಇವತ್ತಿಗೆ ಇಷ್ಟು. ನಿಮ್ಮ ಗಾಡಿ ನಿಮಗೆ ಯಾವ ಕೋಡ್ ತೋರಿಸಿದೆ, ಆಮೇಲೆ ಏನಾಯ್ತು, ಬರೆದು ಕಳಿಸಿ. ಮುಂದಿನ ವಾರ ಸಿಗೋಣ.