'ಮೊಟ್ಟೆ ಕಳ್ಳ' ಅನ್ನಿಸಿಕೊಂಡ ಡೈನೋಸಾರ್

ಡೈನೋಸಾರ್ ಮೊಟ್ಟೆಗಳ ಬಗ್ಗೆ ಓದ್ತಾ ಹೋದ್ರೆ ಎಲ್ಲೋ ಒಂದು ಕಡೆ ಓವಿರಾಪ್ಟರ್ ಎದುರಾಗೇ ಆಗುತ್ತೆ. ನನಗಂತೂ ಈ ಬಡಪಾಯಿ ಮೇಲೆ ಬಹಳ ಮರುಕ.

1923ರಲ್ಲಿ ಅಮೆರಿಕದ ರಾಯ್ ಚಾಪ್‌ಮನ್ ಆಂಡ್ರ್ಯೂಸ್ ಅವರ ತಂಡಕ್ಕೆ ಮಂಗೋಲಿಯಾದ ಗೋಬಿ ಮರುಭೂಮಿಯಲ್ಲಿ ಉದ್ದುದ್ದನೆಯ ಮೊಟ್ಟೆಗಳ ಗೂಡುಗಳು ಸಿಕ್ಕವು. ಸುತ್ತಮುತ್ತ ಪ್ರೊಟೊಸೆರಾಟಾಪ್ಸ್ ಮೂಳೆಗಳು ಬೇಕಾದಷ್ಟಿದ್ದವು. ಸರಿ, ಮೊಟ್ಟೆಗಳೂ ಅದರದ್ದೇ ಅಂತ ತೀರ್ಮಾನವಾಯ್ತು. ಒಂದು ಗೂಡಿನ ಮೇಲೆ ಮಾತ್ರ ಬೇರೆ ಪ್ರಾಣಿಯ ಅಸ್ಥಿ. ಕದಿಯೋಕೆ ಬಂದು ಸತ್ತಿರಬೇಕು! 1924ರಲ್ಲಿ ಹೆನ್ರಿ ಆಸ್ಬರ್ನ್ ಅದಕ್ಕೆ ಓವಿರಾಪ್ಟರ್, ಅಂದ್ರೆ ಮೊಟ್ಟೆ ಕಳ್ಳ ಅಂತ ಹೆಸರಿಟ್ಟರು. (ಈ ಹೆಸರು ದಾರಿ ತಪ್ಪಿಸಬಹುದು ಅಂತ ಅವರೇ ಬರೆದಿದ್ದರು. ಆದ್ರೂ ಇಟ್ಟರು ನೋಡಿ!)

ಅಕ್ಕಪಕ್ಕ ಸಿಕ್ಕಿದ್ದಕ್ಕೇ ಸಂಬಂಧ ಕಟ್ಟಿದರೆ ಹೀಗಾಗುತ್ತೆ. ಅದಕ್ಕೇ ಮೊಟ್ಟೆಗಳನ್ನು ಗುರುತಿಸೋಕೆ ಬೇರೆಯದೇ ಪದ್ಧತಿ ಇದೆ. 1975ರಲ್ಲಿ ಚೀನಾದ ಝಾವೋ ಝಿಕುಯಿ ಅದಕ್ಕೊಂದು ಚೌಕಟ್ಟು ಕೊಟ್ಟರು. ಯಾವ ಪ್ರಾಣಿ ಇಟ್ಟಿದ್ದು ಅನ್ನೋ ಪ್ರಶ್ನೆ ಪಕ್ಕಕ್ಕಿಟ್ಟು, ಮೊಟ್ಟೆಗೇ ಕುಟುಂಬ, ಕುಲ, ಪ್ರಭೇದ ಅಂತ ಹೆಸರು. ಹೆಸರಿನ ಕೊನೆಗೆ 'ಊಲಿಥಸ್', ಅಂದ್ರೆ ಮೊಟ್ಟೆಗಲ್ಲು. ಚಿಪ್ಪನ್ನು ತೆಳ್ಳಗೆ ಕೊಯ್ದು ಸೂಕ್ಷ್ಮದರ್ಶಕದ ಕೆಳಗಿಟ್ಟು ಹರಳುಗಳ ಜೋಡಣೆ, ಉಸಿರಾಟದ ರಂಧ್ರಗಳು, ಚಿಪ್ಪಿನ ದಪ್ಪ ನೋಡ್ತಾರೆ. ಮೇಲ್ಮೈ ಗೀರುಗಳೂ ಮೊಟ್ಟೆಯ ಆಕಾರವೂ ಲೆಕ್ಕಕ್ಕೆ ಬರುತ್ತವೆ. ಗೋಬಿಯ ಆ ಉದ್ದನೆ ಮೊಟ್ಟೆಗಳು 'ಎಲಾಂಗಟೂಲಿಥಿಡೇ' ಕುಟುಂಬದವು.

ಅಪ್ಪ ಅಮ್ಮ ಯಾರು ಅಂತ ಖಚಿತವಾಗಿ ಹೇಳೋಕೆ ಒಳಗೆ ಭ್ರೂಣವೇ ಸಿಗಬೇಕು. ಅಥವಾ ತಾಯಿಯ ಹೊಟ್ಟೆಯಲ್ಲಿ ಮೊಟ್ಟೆ ಸಿಗಬೇಕು. 1993ರಲ್ಲಿ ಮಂಗೋಲಿಯಾದ ಉಖಾ ತೋಲ್ಗೋಡ್‌ನಲ್ಲಿ ಮಾರ್ಕ್ ನೊರೆಲ್ ತಂಡಕ್ಕೆ ಅದೇ ಬಗೆಯ ಮೊಟ್ಟೆ ಸಿಕ್ತು. ಒಳಗಿದ್ದದ್ದು ಓವಿರಾಪ್ಟರ್ ಬಳಗದ ಮರಿ! 1995ರಲ್ಲಿ ಅದೇ ಬಳಗದ ಇನ್ನೊಂದು ಅಸ್ಥಿಪಂಜರದ ವರದಿ ಬಂತು. ಕೋಳಿ ಕಾವು ಕೂತ ಹಾಗೆ ಮೊಟ್ಟೆಗಳ ಮೇಲೆ ಕೈಗಳನ್ನು ಹರಡಿಕೊಂಡು ಕೂತಿತ್ತದು. ಅಲ್ಲಿಗೆ ಕಳ್ಳತನದ ಆರೋಪ ಬಿದ್ದುಹೋಯ್ತು. ಹೆಸರು ಮಾತ್ರ ಹೋಗಲಿಲ್ಲ, ಮೊದಲು ಇಟ್ಟ ಹೆಸರೇ ಉಳೀಬೇಕು ಅನ್ನೋದು ಪ್ರಾಣಿಶಾಸ್ತ್ರದ ನಿಯಮ :(

ಇನ್ನು ಪ್ರೊಟೊಸೆರಾಟಾಪ್ಸ್? ಅದರ ಮೊಟ್ಟೆಗೆ ಗಟ್ಟಿ ಚಿಪ್ಪೇ ಇರಲಿಲ್ಲ, ಆಮೆ ಮೊಟ್ಟೆ ಹಾಗೆ ಮೆತ್ತಗಿತ್ತು ಅಂತ 2020ರಲ್ಲಿ ಗೊತ್ತಾಯ್ತು.

ನಮ್ಮ ದೇಶದಲ್ಲೂ ಮೊಟ್ಟೆಗಳಿಗೇನು ಬರವಿಲ್ಲ. ಗುಜರಾತಿನ ಬಾಲಾಸಿನೋರ್, ಮಧ್ಯಪ್ರದೇಶದ ಜಬಲ್ಪುರದ ಕಡೆ ದುಂಡನೆ 'ಮೆಗಲೂಲಿಥಸ್' ಸಿಗುತ್ತವೆ. ಧಾರ್ ಜಿಲ್ಲೆಯಲ್ಲಿ 92 ಗೂಡು, 256 ಮೊಟ್ಟೆ ಸಿಕ್ಕಿದ್ದು 2023ರಲ್ಲಿ ಪ್ರಕಟವಾಯ್ತು. ಆರು ಪ್ರಭೇದ ಅಂತ ವಿಂಗಡಿಸಿದ್ದಾರೆ. ಉದ್ದ ಕತ್ತಿನ ಟೈಟನೋಸಾರ್‌ಗಳವು ಅಂತಾರೆ, ಆದ್ರೆ ಆರೂ ಹೆಸರು ಮೊಟ್ಟೆಯವೇ.