ಮಾನ್ಯತೆಯಿಲ್ಲದ ತರಬೇತಿ: 1986ರ ಒಂದು ತೀರ್ಪು

ಮಕ್ಕಳನ್ನು ಉಪಾಧ್ಯಾಯರ ತರಬೇತಿಗೆ ಸೇರಿಸುವಾಗ ನಾವು ಮೊದಲು ಶುಲ್ಕ ವಿಚಾರಿಸುತ್ತೇವೆ, ಮಾನ್ಯತೆ ಆಮೇಲೆ. ನಮ್ಮ ಹೈದರಾಬಾದು ಅವಿಭಜಿತ ಆಂಧ್ರಪ್ರದೇಶದ ರಾಜಧಾನಿಯಾಗಿದ್ದಾಗ, ಅನುಮತಿಯಿಲ್ಲದ ಖಾಸಗಿ ತರಬೇತಿ ಸಂಸ್ಥೆಗಳ ವಿಷಯದಲ್ಲಿ ಸರ್ಕಾರ ಮೇಲಿಂದ ಮೇಲೆ ಪತ್ರಿಕಾ ಪ್ರಕಟಣೆ ಹೊರಡಿಸಿತ್ತು. (ಇಂಥವನ್ನು ಬರೆದ ಗುಮಾಸ್ತರಲ್ಲದೆ ಬೇರೆಯವರು ಓದುವುದು ಕಡಿಮೆಯೆಂದು ನಾವು ಬಲ್ಲೆವು!) ಹುಡುಗ ಹುಡುಗಿಯರು ಸೇರಿಯೇಬಿಟ್ಟರು. ವರ್ಷದ ಓದು ಮುಗಿಸಿದವರನ್ನು ಪರೀಕ್ಷೆಗಾದರೂ ಕೂರಿಸಿರೆಂಬ ಮೊರೆ ಸುಪ್ರೀಂ ಕೋರ್ಟಿಗೆ ಹೋಯಿತು. ನಾಗೇಶ್ವರಮ್ಮ ಪ್ರಕರಣವೆಂದು ಹೆಸರಾದ 1986ರ ಆ ತೀರ್ಪಿನಲ್ಲಿ ನ್ಯಾಯಾಲಯ ಒಪ್ಪಲಿಲ್ಲ. ಪರೀಕ್ಷೆ ಪಾಸಾದರೆ ಸಾಲದು, ಸುಸಜ್ಜಿತ ಸಂಸ್ಥೆಯಲ್ಲಿ ತರಬೇತಿಯೂ ಆಗಿರಬೇಕು. ಎಳೆಯ ಮಕ್ಕಳನ್ನು ಅರೆಬರೆ ಕಲಿತವರ ಕೈಗೆ ಒಪ್ಪಿಸಲಾಗದು ಎಂದಿತು. ಮಾತು ನ್ಯಾಯವೇ. ಆದರೆ ವರ್ಷ ಕಳೆದುಕೊಂಡವರು ವಿದ್ಯಾರ್ಥಿಗಳು. ದೇಶಕ್ಕೆಲ್ಲ ಮಾನ್ಯತೆ ಕೊಡುವ ಶಾಸನಾಧಿಕಾರ ರಾಷ್ಟ್ರೀಯ ಶಿಕ್ಷಕರ ಶಿಕ್ಷಣ ಪರಿಷತ್ತಿಗೆ ಸಿಕ್ಕಿದ್ದು 1993ರ ಕಾಯಿದೆಯಿಂದ, ಆ ತೀರ್ಪು ಬಂದು ಏಳು ವರ್ಷವಾದ ಮೇಲೆ.