ಹೈದರಾಬಾದ್ ಸಿಟಿ ಪೊಲೀಸ್ ತಂಡದ 1950ರ ಋತು: ಚೆಂಡಾಟ ಹುಟ್ಟಿನಿಂದಲೇ ಬರಬೇಕೇ?

ಆಳಂದ, ಅಫಜಲಪುರ, ಜೇವರ್ಗಿ ಕಡೆ ಫುಟ್‌ಬಾಲ್ ಮಾತೆತ್ತಿದರೆ ಅದು ಬೆಂಗಳೂರು, ಕೋಲ್ಕತ್ತದವರ ಆಟ ಎಂಬ ಉತ್ತರ ಸಿಗುವುದೇ ಹೆಚ್ಚು. ಆದರೆ 1950ರಲ್ಲಿ ಈ ಮೂರೂ ಊರುಗಳಿದ್ದ ರಾಜ್ಯದ ತಂಡವೊಂದು ದೇಶದ ಎರಡು ಹಳೆಯ ಕಪ್‌ಗಳನ್ನು ಒಂದೇ ವರ್ಷ ಗೆದ್ದಿತ್ತು. ರಾಜ್ಯ ಹೈದರಾಬಾದ್, ತಂಡ ಹೈದರಾಬಾದ್ ಸಿಟಿ ಪೊಲೀಸ್.

1948ರ ಸೆಪ್ಟೆಂಬರ್‌ನಲ್ಲಿ ನಡೆದ ಪೊಲೀಸ್ ಕಾರ್ಯಾಚರಣೆಯ ನೆನಪು ನಮ್ಮ ಹಿರಿಯರಲ್ಲಿ ಇನ್ನೂ ಇದೆ. ಅದಾಗಿ ಎರಡೇ ವರ್ಷಕ್ಕೆ ಈ ಗೆಲುವು. 1888ರಲ್ಲಿ ಆರಂಭವಾದ ಡ್ಯುರಾಂಡ್ ಕಪ್ 1940ರ ಬಳಿಕ ನಿಂತುಹೋಗಿ, 1950ರಲ್ಲಿ ದೆಹಲಿಯಲ್ಲಿ ಮತ್ತೆ ನಡೆಯಿತು. ಫೈನಲ್‌ನಲ್ಲಿ ಎದುರಾಳಿ ಮೋಹನ್ ಬಗಾನ್. ಮೊದಲ ಪಂದ್ಯ 2–2ರಲ್ಲಿ ಸಮವಾಯಿತು; ಮರುಪಂದ್ಯವನ್ನು ಪೊಲೀಸರು 1–0ರಿಂದ ಗೆದ್ದರು. ಮುಂಬೈಯ ರೋವರ್ಸ್ ಕಪ್ ಕೂಡ ಅದೇ ವರ್ಷ ಅವರದಾಯಿತು. 1954ರವರೆಗೆ ಸತತ ಐದು ಬಾರಿ ಅದನ್ನು ಬಿಟ್ಟುಕೊಡಲಿಲ್ಲ.

ಹುಟ್ಟು ಪ್ರತಿಭೆಯೇ ಕಾರಣವೇ?

ಆ ವರ್ಷ ತಂಡದ ತರಬೇತಿ ವಹಿಸಿಕೊಂಡವರು ಶಾಲಾ ಶಿಕ್ಷಕರಾಗಿದ್ದ ಸೈಯದ್ ಅಬ್ದುಲ್ ರಹೀಮ್. 2024ರಲ್ಲಿ ಬಂದ ಹಿಂದಿ ಚಿತ್ರ ‘ಮೈದಾನ್’ ಇವರ ಕುರಿತಾದದ್ದೇ. 1943ರಿಂದ ಹೈದರಾಬಾದ್ ಫುಟ್‌ಬಾಲ್ ಸಂಸ್ಥೆಯ ಕಾರ್ಯದರ್ಶಿಯೂ ಆಗಿದ್ದ ಅವರು ಎರಡು ವಿಚಿತ್ರ ಬಗೆಯ ಪಂದ್ಯಾವಳಿ ನಡೆಸಿದರು. ಒಂದರಲ್ಲಿ ಚೆಂಡನ್ನು ಕಾಲಲ್ಲೇ ಉರುಳಿಸುತ್ತ ಓಡುವಂತಿಲ್ಲ, ಬಂದೊಡನೆ ಜೊತೆಗಾರನಿಗೆ ಕೊಡಬೇಕು. ಇನ್ನೊಂದರಲ್ಲಿ ರೂಢಿಯಿಲ್ಲದ ಕಾಲಿನಿಂದಲೇ ಆಡಬೇಕು.

ಮೊದಲನೆಯದರ ತರ್ಕ ಸರಳ: ಓಡುವ ಮನುಷ್ಯನಿಗಿಂತ ಒದ್ದ ಚೆಂಡು ವೇಗವಾಗಿ ಹೋಗುತ್ತದೆ. ಚೆಂಡು ಬರುವ ಮೊದಲೇ ಆಟಗಾರ ತಲೆಯೆತ್ತಿ ಜೊತೆಗಾರ ಎಲ್ಲಿದ್ದಾನೆಂದು ನೋಡಿಟ್ಟುಕೊಳ್ಳಲೇಬೇಕು.

ಎರಡನೆಯದಕ್ಕೆ ನಮ್ಮ ಅಡುಗೆಮನೆಯಲ್ಲೇ ಉದಾಹರಣೆ ಇದೆ. ಜೋಳದ ರೊಟ್ಟಿ ಬಡಿಯುವಾಗ ಒಂದು ಕೈ ತಟ್ಟುತ್ತದೆ, ಇನ್ನೊಂದು ತಿರುಗಿಸುತ್ತದೆ. ಕೈ ಬದಲಿಸಿದರೆ ರೊಟ್ಟಿ ಹರಿಯುತ್ತದೆ. ದಿನವೂ ಹಾಗೇ ಬಡಿದರೆ ಕೆಲ ದಿನಗಳಲ್ಲಿ ಸರಿಹೋಗುತ್ತದೆ. ಬಲಗಾಲನ್ನು ಮುಖ್ಯವಾಗಿ ಮಿದುಳಿನ ಎಡಭಾಗ, ಎಡಗಾಲನ್ನು ಬಲಭಾಗ ನಿಯಂತ್ರಿಸುತ್ತವೆ. ಅಭ್ಯಾಸದಿಂದ ಆ ನರಮಾರ್ಗಗಳು ಪಳಗುತ್ತವೆ. ಒಂದು ಕಾಲಿನ ಅಭ್ಯಾಸದ ಸ್ವಲ್ಪ ಲಾಭ ಇನ್ನೊಂದಕ್ಕೂ ಸಿಗುತ್ತದೆ. ಎರಡೂ ಕಾಲು ಸಮ ಆಗುವುದು ಅಪರೂಪ. ಆದರೆ ಒಂದು ಕಾಲು ‘ಬರುವುದೇ ಇಲ್ಲ’ ಎನ್ನುವುದು ಬರೀ ನೆಪ.

ಬರಿಗಾಲಿನ ಕಥೆ

1950 ಎಂದೊಡನೆ ಇನ್ನೊಂದು ಮಾತು ಹರಿದಾಡುತ್ತದೆ: ಬರಿಗಾಲಲ್ಲಿ ಆಡುತ್ತಾರೆಂದು ಭಾರತವನ್ನು ಆ ವರ್ಷದ ವಿಶ್ವಕಪ್‌ನಿಂದ ಹೊರಗಿಟ್ಟರು ಎಂದು. ಇದು ತಪ್ಪು. ಎದುರಾಳಿಗಳು ಹಿಂದೆ ಸರಿದಿದ್ದರಿಂದ ಭಾರತಕ್ಕೆ ಅರ್ಹತೆ ಸಿಕ್ಕಿತ್ತು. ಹೋಗದಿರಲು ತೀರ್ಮಾನಿಸಿದ್ದು ನಮ್ಮ ಫುಟ್‌ಬಾಲ್ ಒಕ್ಕೂಟವೇ. ಆಗ ಇಲ್ಲಿ ಒಲಿಂಪಿಕ್ಸ್‌ಗಿದ್ದ ಬೆಲೆ ವಿಶ್ವಕಪ್‌ಗೆ ಇರಲಿಲ್ಲ.

ಪೊಲೀಸ್ ತಂಡದ ನೂರ್ ಮೊಹಮ್ಮದ್, ಅಜೀಜುದ್ದೀನ್ 1952 ಮತ್ತು 1956ರ ಒಲಿಂಪಿಕ್ಸ್ ತಂಡಗಳಲ್ಲಿದ್ದರು. 1956ರ ನವೆಂಬರ್ 1ರಂದು ಕಲಬುರಗಿ ಜಿಲ್ಲೆ ಮೈಸೂರು ರಾಜ್ಯಕ್ಕೆ ಸೇರಿತು. ಸರಿಯಾಗಿ ಒಂದು ತಿಂಗಳಿಗೆ, ಡಿಸೆಂಬರ್ 1ರಂದು, ರಹೀಮ್ ತರಬೇತಿಯ ಭಾರತ ಮೆಲ್ಬರ್ನ್‌ನಲ್ಲಿ ಆಸ್ಟ್ರೇಲಿಯಾವನ್ನು 4–2ರಿಂದ ಸೋಲಿಸಿ ಒಲಿಂಪಿಕ್ ಸೆಮಿಫೈನಲ್ ತಲುಪಿತು.